ಹಾಡು ಬರೆದವರ ಪಾಲು

ಆಕಾಶವಾಣಿಯಲ್ಲಿ ಚಿತ್ರಗೀತೆ ಕೇಳಿ ಬೆಳೆದವರಿಗೆ ಉದ್ಘೋಷಕರ ಒಕ್ಕಣೆ ಬಾಯಿಪಾಠ: ಚಿತ್ರದ ಹೆಸರು, ಸಾಹಿತ್ಯ ಇಂಥವರದು, ಸಂಗೀತ ಇಂಥವರದು. ಹಾಗೆ ಹೆಸರೇನೋ ಮನೆಮನೆಗೂ ತಲುಪಿತು. ಹಾಡು ಮೊಳಗಿದಾಗಲೆಲ್ಲ ಹುಟ್ಟುವ ಹಣ ಮಾತ್ರ ಬೇರೆ ದಾರಿ ಹಿಡಿಯುತ್ತಿತ್ತು.

ಆ ಹಣದಲ್ಲಿ ಗೀತಕಾರರಿಗೂ ಸಂಗೀತ ನಿರ್ದೇಶಕರಿಗೂ ಪಾಲು ಕೊಡಿಸಬೇಕೆಂದು 1969ರಲ್ಲಿ ಮುಂಬಯಿಯಲ್ಲಿ ಹುಟ್ಟಿದ್ದು ಇಂಡಿಯನ್ ಪರ್ಫಾರ್ಮಿಂಗ್ ರೈಟ್ ಸೊಸೈಟಿ. ಲಾಭ ಹಂಚಿಕೊಳ್ಳದ ಸಂಸ್ಥೆ ಇದು. ಒಬ್ಬ ಕವಿ ಊರೂರಿನ ಹೋಟೆಲು, ಚಿತ್ರಮಂದಿರಗಳಿಗೆ ಹೋಗಿ ಶುಲ್ಕ ಕೇಳಲಾದೀತೇ? ಎಲ್ಲರ ಪರವಾಗಿ ಸಂಸ್ಥೆಯೇ ಪರವಾನಗಿ ಕೊಟ್ಟು, ಹಣ ವಸೂಲು ಮಾಡಿ, ಖರ್ಚು ಕಳೆದು ಉಳಿದದ್ದನ್ನು ಸದಸ್ಯರಿಗೆ ಹಂಚುವುದೆಂಬ ಏರ್ಪಾಡು.

ಸಂಸ್ಥೆ ಅದೇ ವರ್ಷ ಶುಲ್ಕದ ದರಪಟ್ಟಿಯನ್ನು ಗೆಜೆಟ್ಟಿನಲ್ಲಿ ಪ್ರಕಟಿಸಿತು. ಚಿತ್ರ ನಿರ್ಮಾಪಕರೂ ಪ್ರದರ್ಶಕರೂ ಸಿಡಿದೆದ್ದರು. ದುಡ್ಡು ಕೊಟ್ಟು ಬರೆಸಿದವರು ತಾವು, ಹಾಡೂ ತಮ್ಮದೇ ಎಂಬುದು ನಿರ್ಮಾಪಕರ ವಾದ. ಕೃತಿಸ್ವಾಮ್ಯ ಮಂಡಲಿ ಸಂಸ್ಥೆಯ ಪರ ನಿಂತಿತು. 1974ರಲ್ಲಿ ಕಲ್ಕತ್ತ ಹೈಕೋರ್ಟು ಅದನ್ನು ತಳ್ಳಿಹಾಕಿತು. 1977ರ ಮಾರ್ಚಿಯಲ್ಲಿ ಸುಪ್ರೀಂ ಕೋರ್ಟು ಕೂಡ ನಿರ್ಮಾಪಕರ ಕೈಯನ್ನೇ ಮೇಲು ಮಾಡಿತು. 1957ರ ಕಾಯಿದೆಯ ಪ್ರಕಾರ, ಬೇರೆ ಒಪ್ಪಂದವಿಲ್ಲದಿದ್ದರೆ, ಹಣ ಕೊಟ್ಟು ಚಿತ್ರಕ್ಕಾಗಿ ಮಾಡಿಸಿದ ಸಾಹಿತ್ಯ, ಸಂಗೀತಗಳಿಗೆ ನಿರ್ಮಾಪಕನೇ ಮೊದಲ ಒಡೆಯ ಎಂದಿತು. ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಈ ತೀರ್ಪನ್ನು ಒಪ್ಪಿದರೂ, ಹಾಡಿಗೆ ಜೀವ ತುಂಬುವ ಗಾಯಕನಿಗೆ ಕಾನೂನಿನಲ್ಲಿ ಯಾವ ಹಕ್ಕೂ ಇಲ್ಲವೆಂಬುದನ್ನು ಎತ್ತಿ ತೋರಿಸಿ, ಸಂಸತ್ತು ಈ ಕಡೆ ನೋಡಲೆಂದರು.

ಸಂಸತ್ತಿಗೆ ಆತುರವೇನೂ ಇರಲಿಲ್ಲ. ಒಪ್ಪಂದವಿದ್ದರೆ ಹಕ್ಕು ಉಳಿಯುತ್ತದೆ ಎಂದು ತೀರ್ಪಿನಲ್ಲಿ ಇದ್ದದ್ದು ನಿಜ. ಆದರೆ ನಾಳೆಯ ಅವಕಾಶಕ್ಕೆ ಕಾದಿರುವ ಗೀತಕಾರ ನಿರ್ಮಾಪಕನೆದುರು ಷರತ್ತು ಹಾಕುವುದುಂಟೇ? ಒಂದೇ ಕಂತಿನ ಸಂಭಾವನೆ ಪಡೆದು ಸಹಿ ಹಾಕುವುದೇ ವಾಡಿಕೆಯಾಯಿತು. ಮುಂದೆ ಸಂಗೀತ ಕಂಪನಿಗಳೂ ಸೊಸೈಟಿಯ ಸದಸ್ಯರಾದವು. ಬರೆದವರಿಗಾಗಿ ಕಟ್ಟಿದ ಮನೆಯಲ್ಲಿ ಬರೆದವರ ಮಾತೇ ನಡೆಯುತ್ತಿಲ್ಲ ಎಂಬ ದೂರು ಎದ್ದಿತು.

ಗಾಳಿ ತಿರುಗಿದ್ದು 2012ರಲ್ಲಿ. ಗೀತಕಾರ ಜಾವೇದ್ ಅಖ್ತರ್ 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡಿದ್ದರು. ತಿದ್ದುಪಡಿಗಾಗಿ ಅವರು ಒಳಗೂ ಹೊರಗೂ ಪಟ್ಟು ಹಿಡಿದರು. ಹೊಸ ಕಾನೂನು ಜೂನ್ 21ರಂದು ಜಾರಿಗೆ ಬಂತು. ಚಿತ್ರಮಂದಿರದಲ್ಲಿ ಚಿತ್ರದೊಡನೆ ಕೇಳುವ ಹಾಡಿನ ಮಾತು ಬೇರೆ. ಉಳಿದೆಡೆ ಹಾಡು ಬಳಕೆಯಾದರೆ ಬರೆದವನಿಗೂ ರಾಗ ಹಾಕಿದವನಿಗೂ ಸಮಪಾಲು ರಾಯಧನ ಸಲ್ಲಬೇಕು. ಆ ಹಕ್ಕನ್ನು ವಾರಸುದಾರರಿಗೆ ಅಥವಾ ಇಂಥ ಸೊಸೈಟಿಗಲ್ಲದೆ ಮತ್ತಾರಿಗೂ ಬರೆದುಕೊಡುವಂತಿಲ್ಲ. ಹಸಿವಿನಿಂದ ಸಹಿ ಹಾಕಿದರೂ ಸಹಿ ನಡೆಯದು. ಕಾನೂನಿನ ಜಾಣತನ ಇರುವುದೇ ಇಲ್ಲಿ.

ಸೊಸೈಟಿಗೆ ಹೊಸ ಕಾನೂನಿನಡಿ ನೋಂದಣಿ ದೊರೆಯಲು 2017 ಆಗಬೇಕಾಯಿತು.

ಕನ್ನಡಕ್ಕೆ ಸಾವಿರಾರು ಹಾಡು ಕೊಟ್ಟ ಚಿ. ಉದಯಶಂಕರ್ 1993ರಲ್ಲೇ ತೀರಿಕೊಂಡಿದ್ದರು.