ಪುತ್ತೂರು, ಸುಳ್ಯ, ಕಡಬ ತಾಲೂಕುಗಳ ಕಲ್ಲುಕೋರೆಗಳು

ದಕ್ಷಿಣ ಕನ್ನಡ ಜಿಲ್ಲೆಯ ಪುತ್ತೂರು, ಸುಳ್ಯ ಮತ್ತು ಇವೆರಡರ ಗ್ರಾಮಗಳನ್ನು ಕೂಡಿಸಿ ರಚಿಸಿದ ಕಡಬ ತಾಲೂಕುಗಳಲ್ಲಿ ಗಣಿಗಾರಿಕೆ ಎಂದರೆ ಮುಖ್ಯವಾಗಿ ಮುರಕಲ್ಲು ಕಡಿಯುವ ಕೋರೆಗಳು. ಬಂಡೆ ಒಡೆದು ಜಲ್ಲಿ ಮಾಡುವ ಕರಿಕಲ್ಲಿನ ಕೋರೆಗಳೂ ಹೊಳೆಯಿಂದ ಹೊಯ್ಗೆ (ಮರಳು) ಎತ್ತುವ ಕೆಲಸವೂ ಇದರ ಜೊತೆಗಿವೆ. ಇವೆಲ್ಲ ಕಾನೂನಿನಲ್ಲಿ ಉಪಖನಿಜಗಳು. 1957ರ ಗಣಿ ಮತ್ತು ಖನಿಜಗಳ ಕಾಯ್ದೆ ಇವುಗಳ ನಿಯಂತ್ರಣವನ್ನು ರಾಜ್ಯಗಳಿಗೆ ಬಿಟ್ಟಿದೆ. ಕರ್ನಾಟಕದಲ್ಲಿ ಅದು 1994ರ ಉಪಖನಿಜ ರಿಯಾಯಿತಿ ನಿಯಮಗಳ ಅಡಿಯಲ್ಲಿ ಗಣಿ ಮತ್ತು ಭೂವಿಜ್ಞಾನ ಇಲಾಖೆಯ ಕೆಲಸ.

ಗಣಿ ಎಂದೊಡನೆ ಕರ್ನಾಟಕದ ಓದುಗರಿಗೆ ನೆನಪಾಗುವುದು ಬಳ್ಳಾರಿ, ಇಲ್ಲವೇ ಕುದುರೆಮುಖ. ಕುದುರೆಮುಖದ ಅದಿರು 67 ಕಿಲೋಮೀಟರ್ ಉದ್ದದ ಕೊಳವೆಯಲ್ಲಿ ಘಟ್ಟ ಇಳಿದು ಮಂಗಳೂರಿನ ಪಣಂಬೂರಿಗೆ ಬರುತ್ತಿತ್ತು. ಸುಪ್ರೀಂ ಕೋರ್ಟ್ 2002ರ ಅಕ್ಟೋಬರ್‌ನಲ್ಲಿ ನೀಡಿದ ಆದೇಶದಂತೆ 2005ರ ಕೊನೆಗೆ ಆ ಗಣಿ ನಿಂತಿತು. ಅಲ್ಲಿ ಒಂದು ಕಂಪನಿ, ಒಂದು ಗುತ್ತಿಗೆ, ಒಂದು ರಾಷ್ಟ್ರೀಯ ಉದ್ಯಾನ ಇದ್ದುದರಿಂದ ಯಾರನ್ನು ಪ್ರಶ್ನಿಸಬೇಕು ಎಂಬುದು ಸ್ಪಷ್ಟವಿತ್ತು. ಈ ಮೂರು ತಾಲೂಕುಗಳ ಸ್ಥಿತಿ ಬೇರೆ. ಅರ್ಧ ಎಕರೆ, ಒಂದು ಎಕರೆಯ ಹೊಂಡಗಳು ಗುಡ್ಡಗುಡ್ಡಗಳಲ್ಲಿ ಹರಡಿವೆ. ಒಂದೊಂದೂ ಸಣ್ಣದು, ಒಂದೊಂದಕ್ಕೂ ಬೇರೆ ಮಾಲೀಕ. ಹಾನಿಯನ್ನು ಒಟ್ಟಾಗಿ ಲೆಕ್ಕ ಹಾಕುವವರೇ ಇಲ್ಲವಾಗಿರುವುದು ಇಲ್ಲಿನ ಮೂಲ ತೊಂದರೆ.

ಕಲ್ಲು ಮತ್ತು ನೀರು

ಮುರಕಲ್ಲು ಜಿಲ್ಲೆಯವರಿಗೆ ಕೆಂಪುಕಲ್ಲು, ಭೂವಿಜ್ಞಾನಿಗಳಿಗೆ ಲ್ಯಾಟರೈಟ್. 1800–01ರಲ್ಲಿ ಮೈಸೂರು, ಕೆನರಾ, ಮಲಬಾರ್ ಸೀಮೆಗಳನ್ನು ಸುತ್ತಿದ ಫ್ರಾನ್ಸಿಸ್ ಬುಕನನ್ 1807ರಲ್ಲಿ ಪ್ರಕಟವಾದ ತನ್ನ ಪ್ರವಾಸ ಗ್ರಂಥದಲ್ಲಿ ಇದಕ್ಕೆ ಆ ಹೆಸರಿಟ್ಟ. ನೆಲದೊಳಗೆ ಇರುವಾಗ ಕೊಡಲಿಗೂ ಬಗ್ಗುವ ಈ ಕಲ್ಲು ಗಾಳಿ ಬಿಸಿಲಿಗೆ ಒಡ್ಡಿದ ಮೇಲೆ ಗಟ್ಟಿಯಾಗುತ್ತದೆ. ಅದೇ ಕಾರಣಕ್ಕೆ ಕರಾವಳಿಯ ಮನೆ, ದೈವಸ್ಥಾನ, ಬಾವಿಕಟ್ಟೆ, ತೋಟದ ಪಾಗಾರ ಎಲ್ಲಕ್ಕೂ ಇದೇ ಕಲ್ಲು ಬೇಕಾಯಿತು. ಬಿಸಿ ಮತ್ತು ಭಾರಿ ಮಳೆ ಲಕ್ಷಾಂತರ ವರ್ಷ ತಾಯಿಬಂಡೆಯನ್ನು ಕೊರೆದು, ಕರಗುವ ಅಂಶಗಳನ್ನೆಲ್ಲ ತೊಳೆದು, ಕಬ್ಬಿಣ ಮತ್ತು ಅಲ್ಯುಮಿನಿಯಂನ ಆಕ್ಸೈಡುಗಳನ್ನು ಉಳಿಸಿದಾಗ ಹುಟ್ಟಿದ್ದು ಇದು. ಒಂದು ಗುಡ್ಡದ ಮುರಕಲ್ಲು ತೆಗೆದರೆ ಮನುಷ್ಯರ ಕಾಲಮಾನದಲ್ಲಿ ಅದು ಮತ್ತೆ ಬೆಳೆಯುವುದಿಲ್ಲ.

ಈ ಕಲ್ಲಿನ ತುಂಬ ತೂತುಗಳು. ವರ್ಷಕ್ಕೆ ಸುಮಾರು 4,000 ಮಿಲಿಮೀಟರ್ ಮಳೆ ಬೀಳುವ ಜಿಲ್ಲೆಯಲ್ಲಿ ಗುಡ್ಡದ ಮೇಲಿನ ಮಳೆ ಈ ತೂತುಗಳ ಮೂಲಕ ಕೆಳಗಿಳಿಯುತ್ತದೆ. ಮುರಕಲ್ಲಿನ ಪದರದ ಅಡಿಯಲ್ಲಿ ಶೇಡಿ ಮಣ್ಣು ಇರುತ್ತದೆ. ಬಿಳಿ, ಹಳದಿ, ನಸುಗೆಂಪು ಬಣ್ಣಗಳ ಈ ನಯವಾದ ಮಣ್ಣಿನೊಳಗೆ ನೀರು ಸುಲಭವಾಗಿ ಇಳಿಯುವುದಿಲ್ಲ. ಹಾಗಾಗಿ ಇಳಿದುಬಂದ ನೀರು ಶೇಡಿಯ ಮೇಲೆ ನಿಂತು, ಓರೆಯಾಗಿ ಹರಿದು, ಗುಡ್ಡದ ಬುಡದಲ್ಲಿ ಒಸರಾಗಿ ಹೊರಬರುತ್ತದೆ. ಕೆಳಗಿನ ಅಡಿಕೆ ತೋಟ, ತೋಡು, ತೆರೆದ ಬಾವಿ ಎಲ್ಲಕ್ಕೂ ಮಳೆಗಾಲ ಮುಗಿದ ಮೇಲಿನ ನೀರು ಬಹುಮಟ್ಟಿಗೆ ಇಲ್ಲಿಂದಲೇ.

ಇದನ್ನು ಊರಿನವರು ಪುಸ್ತಕ ಓದಿ ತಿಳಿದದ್ದಲ್ಲ. ಕಾಸರಗೋಡು ಗಡಿಗೆ ತಾಗಿದ ಹಳ್ಳಿಗಳಲ್ಲಿ ಗುಡ್ಡದ ಒಡಲಿಗೆ ಅಡ್ಡಲಾಗಿ ಕೊರೆದ ಸುರಂಗಗಳು ಇಂದಿಗೂ ನೀರು ಕೊಡುತ್ತಿವೆ. ಒಬ್ಬ ಆಳು ಬಗ್ಗಿ ನಡೆಯುವಷ್ಟು ಅಗಲ ಎತ್ತರದ ಈ ಸುರಂಗ ಮುರಕಲ್ಲಿನ ಒಳಗಿನ ನೀರನ್ನು ಹುಡುಕಿಕೊಂಡು ಹೋಗಿ, ಪಂಪಿಲ್ಲದೆ, ಕರೆಂಟಿಲ್ಲದೆ ತೋಟಕ್ಕೆ ಇಳಿಸುತ್ತದೆ. ಪಕ್ಕದ ಬಂಟ್ವಾಳ ತಾಲೂಕಿನ ಅಡ್ಯನಡ್ಕ ಸಮೀಪದ ಅಮೈ ಮಹಾಲಿಂಗ ನಾಯ್ಕರು ಒಬ್ಬರೇ ಸುರಂಗ ಕೊರೆದು ಬೋಳುಗುಡ್ಡದಲ್ಲಿ ಅಡಿಕೆ ತೋಟ ಎಬ್ಬಿಸಿದ ಸಾಧನೆಗೆ 2022ರಲ್ಲಿ ಪದ್ಮಶ್ರೀ ಬಂತು. ಪುತ್ತೂರಿನಿಂದ 1988ರಿಂದ ಹೊರಡುತ್ತಿರುವ ‘ಅಡಿಕೆ ಪತ್ರಿಕೆ’ಯೂ ಅದರ ಸಂಪಾದಕ ಶ್ರೀಪಡ್ರೆಯವರೂ ಸುರಂಗ, ಮದಕ (ಗುಡ್ಡದ ಕೆರೆ), ಕಟ್ಟ (ತೋಡಿನ ತಾತ್ಕಾಲಿಕ ಒಡ್ಡು)ಗಳ ಬಗ್ಗೆ ದಶಕಗಳಿಂದ ಬರೆಯುತ್ತ ಬಂದಿದ್ದಾರೆ.

ಇಷ್ಟನ್ನು ಹೇಳಿದ್ದು ಕೋರೆಯ ನಷ್ಟ ಎಲ್ಲಿದೆ ಎಂದು ತೋರಿಸಲು. ಕಲ್ಲಿಗೆ ಸರ್ಕಾರ ಟನ್ನಿನ ಲೆಕ್ಕದಲ್ಲಿ ರಾಜಧನ ವಸೂಲಿ ಮಾಡುತ್ತದೆ. ಆ ಕಲ್ಲು ಹಿಡಿದಿಟ್ಟುಕೊಳ್ಳುತ್ತಿದ್ದ ನೀರು ಯಾವ ಕಡತದಲ್ಲೂ ಇಲ್ಲ. ಕೋರೆ ಇಳಿದ ಗುಡ್ಡದ ಕೆಳಗಿನ ಬಾವಿ ಮಾರ್ಚ್‌ಗೇ ಬತ್ತಿದರೆ ಆ ಮನೆಯವರು ಕೊಳವೆಬಾವಿ ಕೊರೆಸುತ್ತಾರೆ, ಸಾಲ ಅವರದೇ. ಕೋರೆಯಿಂದಲೇ ಬಾವಿ ಬತ್ತಿತು ಎಂದು ಸಾಧಿಸಲು ಅವರ ಕೈಯಲ್ಲಿ ಹಿಂದಿನ ವರ್ಷಗಳ ನೀರಿನ ಮಟ್ಟದ ದಾಖಲೆ ಇರುವುದಿಲ್ಲ. ಗುತ್ತಿಗೆ ಕೊಡುವ ಮೊದಲು ಸುತ್ತಲಿನ ಬಾವಿ, ಒಸರು, ಸುರಂಗಗಳ ಮಟ್ಟ ಅಳೆದು ಬರೆದಿಡುವುದು ದೊಡ್ಡ ಖರ್ಚಿನ ಕೆಲಸವಲ್ಲ. ಆ ಒಂದು ಕಾಗದ ಇದ್ದಿದ್ದರೆ ಎಷ್ಟೋ ಜಗಳಗಳಿಗೆ ನ್ಯಾಯ ಸಿಗುತ್ತಿತ್ತು.

ಶೇಡಿ ಮಣ್ಣಿಗೆ ಇನ್ನೊಂದು ಗುಣವಿದೆ. ಒಣಗಿದ್ದಾಗ ಗೋಡೆಯಂತೆ ನಿಲ್ಲುವ ಅದು ನೆನೆದರೆ ಬಲ ಕಳೆದುಕೊಂಡು ಕುಸಿಯುತ್ತದೆ. ಕೋರೆ ಆಳಕ್ಕಿಳಿದು ಮುರಕಲ್ಲಿನ ಹೊದಿಕೆ ಪೂರ್ತಿ ಹೋದಾಗ ಶೇಡಿ ಮಳೆಗೆ ನೇರ ಒಡ್ಡಿಕೊಳ್ಳುತ್ತದೆ. ಅಂಚು ಜರಿಯುವುದು, ಕೆಸರು ಕೆಳಗಿನ ತೋಟಕ್ಕೂ ತೋಡಿಗೂ ನುಗ್ಗುವುದು ಆಮೇಲಿನ ಮಾತು.

ಕೋರೆಯ ಕೆಲಸ

ಹಿಂದೆ ಕಲ್ಲು ಕಡಿಯುವುದು ಕೈಕೆಲಸ. ಪಿಕ್ಕಾಸು, ಕೊಡಲಿ ಹಿಡಿದ ಆಳುಗಳು ದಿನವಿಡೀ ಕಡಿದರೂ ಒಂದು ಮನೆಗೆ ಬೇಕಾದಷ್ಟು ಕಲ್ಲಿಗೆ ವಾರಗಟ್ಟಲೆ ಹಿಡಿಯುತ್ತಿತ್ತು. ಸಾಮಾನ್ಯವಾಗಿ ಮನೆ ಕಟ್ಟುವವನ ಜಾಗದಲ್ಲೇ, ಆ ಮನೆಗೆ ಸಾಲುವಷ್ಟೇ ತೆಗೆಯುತ್ತಿದ್ದರು. ಹೊಂಡ ಆಮೇಲೆ ಬಾವಿಯೋ ಕೆರೆಯೋ ಆಗುತ್ತಿತ್ತು. ಚಕ್ರದ ಗರಗಸ ಇರುವ ಕಲ್ಲು ಕಡಿಯುವ ಮೆಷಿನ್ ಬಂದ ಮೇಲೆ ಕೆಲಸದ ಪ್ರಮಾಣವೇ ಬದಲಾಯಿತು. ಮೊದಲು ಜೆಸಿಬಿ ಮರ, ಪೊದೆ, ಮೇಲ್ಮಣ್ಣನ್ನು ಸರಿಸುತ್ತದೆ. ಆಮೇಲೆ ಮೆಷಿನ್ ಉದ್ದಕ್ಕೂ ಅಡ್ಡಕ್ಕೂ ಗೀರಿ ಚೌಕ ಮಾಡುತ್ತದೆ. ಕಲ್ಲನ್ನು ಬುಡದಿಂದ ಎಬ್ಬಿಸಿ ಲಾರಿಗೆ ತುಂಬುವುದಷ್ಟೇ ಈಗ ಮನುಷ್ಯರ ಕೈಗೆ ಉಳಿದ ಕೆಲಸ. ಪದರ ಪದರವಾಗಿ ಕೋರೆ ಹಲವು ಆಳುದ್ದ ಇಳಿಯುತ್ತದೆ, ಗೋಡೆಗಳು ಕಡಿದಿಟ್ಟಂತೆ ನೇರ. ಒಡೆದ ಕಲ್ಲು, ಕೆಂಪು ಹುಡಿ ಅಂಚಿನಲ್ಲೇ ರಾಶಿ ಬೀಳುತ್ತವೆ. ಮಳೆ ಬಂದಾಗ ಅದೇ ಹುಡಿ ತೋಡಿನ ನೀರನ್ನು ಕೆಂಪು ಮಾಡುತ್ತದೆ.

ದುಡಿಯುವವರಲ್ಲಿ ಸ್ಥಳೀಯರ ಜೊತೆ ಕೇರಳದವರು, ಉತ್ತರ ಕರ್ನಾಟಕದವರು, ಇತ್ತೀಚೆಗೆ ಉತ್ತರ ಭಾರತದವರೂ ಇದ್ದಾರೆ. ಬಿಸಿಲು, ಗರಗಸದ ಸದ್ದು, ಮೂಗಿಗೆ ಬಾಯಿಗೆ ಹೋಗುವ ಹುಡಿ ಇವುಗಳ ನಡುವೆ ಕೆಲಸ. ಕೋರೆಯ ಬದಿಯ ತಗಡಿನ ಶೆಡ್ಡಿನಲ್ಲಿ ಬಿಡಾರ. ಕಟ್ಟಡ ಕಾರ್ಮಿಕರ ಮಂಡಳಿಯ ನೋಂದಣಿ, ವಿಮೆ, ಹೆಲ್ಮೆಟ್ ಇವರಲ್ಲಿ ಎಷ್ಟು ಜನರಿಗಿದೆ ಎಂಬುದು ಪ್ರತಿ ಗುತ್ತಿಗೆಯ ನವೀಕರಣದ ಹೊತ್ತಿಗೆ ಕೇಳಬೇಕಾದ ಪ್ರಶ್ನೆ.

ಕರಿಕಲ್ಲಿನ ಕೋರೆಯ ಸಂಕಟ ಬೇರೆ ತೆರನಾದದ್ದು. ಅಲ್ಲಿ ಸಿಡಿಮದ್ದು ಇದೆ. ಸ್ಫೋಟಕ್ಕೆ ಮನೆ ಅದುರಿ ಗೋಡೆ ಬಿರುಕು ಬಿಡುವುದು, ಕ್ರಷರ್ ಹುಡಿ ಅಡಿಕೆ ಸೋಗೆಯ ಮೇಲೆ ಕೂರುವುದು ಸುತ್ತಲಿನವರ ಮುಖ್ಯ ದೂರುಗಳು. 2021ರ ಜನವರಿಯಲ್ಲಿ ಶಿವಮೊಗ್ಗದ ಹುಣಸೋಡಿನಲ್ಲೂ ಫೆಬ್ರವರಿಯಲ್ಲಿ ಚಿಕ್ಕಬಳ್ಳಾಪುರದ ಹಿರೇನಾಗವಲ್ಲಿಯಲ್ಲೂ ಸ್ಫೋಟಕ ಸಿಡಿದು ಜನ ಸತ್ತ ಮೇಲೆ ರಾಜ್ಯದೆಲ್ಲೆಡೆ ತಪಾಸಣೆ ಬಿಗಿಯಾಯಿತು. ಕ್ರಷರ್‌ಗಳಿಗೆ 2011ರ ಪ್ರತ್ಯೇಕ ಕಾಯ್ದೆಯೇ ಇದೆ.

ಜಾಗ ಯಾರದು

ಪಟ್ಟಾ ಜಾಗದಲ್ಲಿ ಕಲ್ಲಿದ್ದರೆ ಮಾಲೀಕ ಇಲಾಖೆಯ ಅನುಮತಿ ಪಡೆದು ಕೋರೆಯವರಿಗೆ ಕೊಡುತ್ತಾನೆ. ಗುಡ್ಡೆಯಲ್ಲಿ ಗೇರು ಬಿಟ್ಟರೆ ಬೇರೆ ಬೆಳೆ ಬಾರದ, ಮಗಳ ಮದುವೆಗೋ ಮಗನ ಓದಿಗೋ ಹಣ ಬೇಕಾದ ಸಣ್ಣ ಕೃಷಿಕನಿಗೆ ಇದು ಒಮ್ಮೆ ಕೈಸೇರುವ ದೊಡ್ಡ ಮೊತ್ತ. ಅವನನ್ನು ದೂರುವುದು ಸುಲಭ, ನ್ಯಾಯವಲ್ಲ. ಆದರೆ ಲಾಭ ಒಂದು ಮನೆಗೆ, ಬತ್ತುವ ಬಾವಿ ಕೆಳಗಿನ ಹತ್ತು ಮನೆಗಳಿಗೆ. ಆ ಹತ್ತು ಮನೆಯವರ ಒಪ್ಪಿಗೆಯನ್ನು ಕೇಳುವ ಪದ್ಧತಿಯೇ ಬೆಳೆದಿಲ್ಲ.

ಇನ್ನೊಂದು ತೊಡಕು ಕುಮ್ಕಿ. ಹಳೆಯ ಕದೀಂ ವರ್ಗ (ಪಟ್ಟಾ) ಜಾಗದ ಸುತ್ತ 100 ಗಜದೊಳಗಿನ ಸರ್ಕಾರಿ ಭೂಮಿಯಲ್ಲಿ ಸೊಪ್ಪು, ಸೌದೆ, ಮೇವು ಪಡೆಯುವ ಹಕ್ಕು ಆ ವರ್ಗದಾರನಿಗಿದೆ. ಜಾಗ ಮಾತ್ರ ಸರ್ಕಾರದ್ದೇ. ಮುರಕಲ್ಲು ಹೆಚ್ಚಾಗಿ ಇರುವುದೂ ಇಂಥ ಗುಡ್ಡೆಗಳಲ್ಲಿ, ಗುಡ್ಡದ ಮೇಲಿನ ಬಯಲುಗಳಾದ ಪದವುಗಳಲ್ಲಿ. ಪಟ್ಟಾ ಜಾಗದ ಪರವಾನಗಿ ಹಿಡಿದು ಕುಮ್ಕಿಯೊಳಗೆ ಸರಿಯುವ ಕೋರೆಯನ್ನು ಸರ್ವೆಯವರು ಬಂದು ಗಡಿ ಗುರುತಿಸದೆ ಹಿಡಿಯಲಾಗದು. ಕೃಷಿಗಾಗಿ ನೆಲ ಸಮತಟ್ಟು ಮಾಡುವ ಹೆಸರಿನಲ್ಲಿ ಕಲ್ಲು ತೆಗೆಯುವುದೂ ಜಿಲ್ಲೆಯಲ್ಲಿ ಬಳಕೆಯಲ್ಲಿದೆ.

ಪದವು ಎಂದರೆ ಪಾಳುಭೂಮಿ ಎಂಬ ಭಾವನೆ ಕಂದಾಯ ದಾಖಲೆಗಳಲ್ಲಿ ಗಟ್ಟಿಯಾಗಿ ಕೂತಿದೆ. ಮಳೆಗಾಲದಲ್ಲಿ ಅಲ್ಲಿ ಹೋಗಿ ನೋಡಿದವರು ಹಾಗೆ ಹೇಳಲಾರರು. ತೆಳ್ಳನೆಯ ಮಣ್ಣಿನ ಮೇಲೆ ಹುಲ್ಲು, ಅದರ ನಡುವೆ ಕೆಲವೇ ವಾರ ಬಾಳುವ ಹೂಗಳು, ಕಲ್ಲಿನ ತಗ್ಗುಗಳಲ್ಲಿ ನಿಂತ ನೀರಲ್ಲಿ ಕಪ್ಪೆಗಳು. ದನ ಮೇಯಲು ಉಳಿದಿರುವ ಜಾಗಗಳೂ ಇವೇ.

ಹೊಳೆ ಮತ್ತು ಕಾಡು

ಕುಮಾರಧಾರಾ ನದಿ ಸುಬ್ರಹ್ಮಣ್ಯ, ಕಡಬದ ಮೂಲಕ ಹರಿದು ಉಪ್ಪಿನಂಗಡಿಯಲ್ಲಿ ನೇತ್ರಾವತಿಯನ್ನು ಸೇರುತ್ತದೆ. ಸುಳ್ಯದ ಪಯಸ್ವಿನಿ ಕಾಸರಗೋಡಿಗೆ ಹೋಗಿ ಚಂದ್ರಗಿರಿ ಎನಿಸಿಕೊಳ್ಳುತ್ತದೆ. ಇವುಗಳಲ್ಲಿ ಹೊಯ್ಗೆ ತೆಗೆಯುವುದು ಹಳೆಯ ಕಸುಬಾದರೂ, ದೋಣಿ ಮತ್ತು ಬುಟ್ಟಿಯ ಬದಲು ಹಿಟಾಚಿ, ಟಿಪ್ಪರ್ ಬಂದ ಮೇಲೆ ಹೊಳೆ ತಾನಾಗಿ ತಂದು ತುಂಬುವುದಕ್ಕಿಂತ ತೆಗೆಯುವುದು ಹೆಚ್ಚಾಗಬಹುದು. ಹಾಗಾದಲ್ಲಿ ಪಾತ್ರ ತಗ್ಗುತ್ತದೆ, ಬೇಸಿಗೆಯಲ್ಲಿ ದಡದ ಬಾವಿಗಳ ನೀರು ಅದರೊಡನೆ ಕೆಳಗಿಳಿಯುತ್ತದೆ, ತೋಟದ ದಂಡೆ ಕೊರೆಯುತ್ತದೆ. ತೊಡಿಕಾನದ ಮತ್ಸ್ಯತೀರ್ಥದಲ್ಲಿ ಜನ ದೇವರ ಮೀನೆಂದು ಕಾಪಾಡಿಕೊಂಡು ಬಂದಿರುವ ಮಹಶೀರ್ ಮೊಟ್ಟೆಯಿಡುವುದು ಶುಭ್ರವಾದ ಜಲ್ಲಿ, ಹರಳು ಇರುವ ಹೊಳೆಪಾತ್ರದಲ್ಲಿ. ಕೋರೆಯ ಕೆಸರು ಕೂತ ಅಥವಾ ಯಂತ್ರ ಬಗೆದ ಪಾತ್ರದಲ್ಲಿ ಅದು ಸಂತತಿ ಮುಂದುವರಿಸಲಾರದು.

ಘಟ್ಟದ ಬುಡದ ಕಾಡುಗಳಲ್ಲಿ ಬೇರೊಂದು ಗಣಿಗಾರಿಕೆಯೂ ಅಕ್ರಮವಾಗಿ ನಡೆದಿದೆ. ಸುಳ್ಯ ಮತ್ತು ಕೊಡಗಿನ ಗಡಿಯ ಕೂಜಿಮಲೆ ಕಡೆಯ ಮೀಸಲು ಅರಣ್ಯದಲ್ಲಿ ಕೆಂಪು ಹರಳುಕಲ್ಲಿನ ಆಸೆಗೆ ತೋಡಿದ ಗುಂಡಿಗಳು ಅರಣ್ಯ ಇಲಾಖೆಗೆ ವರ್ಷಗಟ್ಟಲೆ ತಲೆನೋವಾದವು.

ಕಾನೂನು ಮತ್ತು ಬಿಕ್ಕಟ್ಟು

ಐದು ಹೆಕ್ಟೇರ್‌ಗಿಂತ ಚಿಕ್ಕ ಕೋರೆಗಳಿಗೆ ಪರಿಸರ ಅನುಮತಿ ಬೇಡ ಎಂಬ ವಿನಾಯಿತಿಯನ್ನು ಸುಪ್ರೀಂ ಕೋರ್ಟ್ ದೀಪಕ್ ಕುಮಾರ್ ಪ್ರಕರಣದಲ್ಲಿ 2012ರ ಫೆಬ್ರವರಿ 27ರಂದು ತೆಗೆದುಹಾಕಿತು. ಸಣ್ಣ ಸಣ್ಣ ಕೋರೆಗಳ ಒಟ್ಟು ಪರಿಣಾಮ ದೊಡ್ಡದಾಗಬಲ್ಲದು ಎಂಬುದು ಆ ತೀರ್ಪಿನ ತಿರುಳು, ಈ ಮೂರು ತಾಲೂಕುಗಳಿಗೆ ಬರೆದಂತೆಯೇ ಇದೆ. 2016ರ ಜನವರಿಯ ಕೇಂದ್ರ ಅಧಿಸೂಚನೆ ಪ್ರತಿ ಜಿಲ್ಲೆಯಲ್ಲೂ ಉಪಖನಿಜ ಸಮೀಕ್ಷಾ ವರದಿ ತಯಾರಿಸಬೇಕೆಂದಿತು. ಘಟ್ಟದ ಕಡೆಯ ಗ್ರಾಮಗಳಿಗೆ ಇನ್ನೊಂದು ಮಿತಿ ಪ್ರಸ್ತಾವದಲ್ಲಿದೆ. ಪಶ್ಚಿಮ ಘಟ್ಟಗಳ ಕುರಿತ ಕಸ್ತೂರಿರಂಗನ್ ಸಮಿತಿಯ 2013ರ ವರದಿಯನ್ನು ಆಧರಿಸಿ 2014ರಿಂದ ಮತ್ತೆ ಮತ್ತೆ ಹೊರಟಿರುವ ಕರಡು ಅಧಿಸೂಚನೆಗಳು ಪರಿಸರ ಸೂಕ್ಷ್ಮ ಪ್ರದೇಶದಲ್ಲಿ ಗಣಿ, ಕಲ್ಲುಕೋರೆ, ಮರಳುಗಾರಿಕೆಗೆ ಪೂರ್ಣ ನಿಷೇಧ ಹೇಳುತ್ತವೆ. 2024ರ ಜುಲೈ 31ರ ಆರನೆಯ ಕರಡು ಕರ್ನಾಟಕದ 20,668 ಚದರ ಕಿಲೋಮೀಟರನ್ನು ಇದರೊಳಗೆ ತಂದಿತು. ರಾಜ್ಯ ಸಚಿವ ಸಂಪುಟ ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ವರದಿಯನ್ನು ತಿರಸ್ಕರಿಸಿತು. ಮನೆ ಕಟ್ಟಲೂ ತೊಂದರೆಯಾಗುತ್ತದೆ ಎಂಬ ಭಯದಿಂದ ಘಟ್ಟದಡಿಯ ಕೃಷಿಕರು ಇದನ್ನು ವಿರೋಧಿಸುತ್ತ ಬಂದಿದ್ದಾರೆ. ಆ ಭಯವನ್ನು ನೀಗಿಸುವ ಮಾತುಕತೆ ಹಳ್ಳಿಗಳಲ್ಲಿ ನಡೆಯದೇ ಹೋದದ್ದರಿಂದ ಕೋರೆಯ ನಿಷೇಧವೂ ವರದಿಯೊಡನೆ ನನೆಗುದಿಗೆ ಬಿತ್ತು.

2025ರ ಮಳೆಗಾಲದಲ್ಲಿ ಜಿಲ್ಲಾಡಳಿತ ಪರವಾನಗಿ ಇಲ್ಲದ ಕೋರೆಗಳನ್ನೂ ಮರಳುಗಾರಿಕೆಯನ್ನೂ ತಡೆದಾಗ ಜಿಲ್ಲೆಯಲ್ಲಿ ಕೆಂಪುಕಲ್ಲೂ ಮರಳೂ ಸಿಗದಂತಾಯಿತು. ಅರ್ಧಕ್ಕೆ ನಿಂತ ಮನೆಗಳ ಮಾಲೀಕರು, ಕೂಲಿ ಇಲ್ಲದ ಮೇಸ್ತ್ರಿಗಳು, ಲಾರಿಯವರು ಪ್ರತಿಭಟನೆಗೆ ಇಳಿದರು. ರಾಜಧನ ಇಳಿಸಿ ಅನುಮತಿಯ ದಾರಿ ಸುಗಮಗೊಳಿಸಲು ಸರ್ಕಾರ ಮುಂದಾಯಿತು. ಜಿಲ್ಲೆಯ ಕಟ್ಟಡ ಕೆಲಸ ಎಷ್ಟರ ಮಟ್ಟಿಗೆ ಪರವಾನಗಿ ಇಲ್ಲದ ಕಲ್ಲನ್ನೇ ನಂಬಿತ್ತು ಎಂಬುದು ಆ ಕೆಲವು ತಿಂಗಳಲ್ಲಿ ಬಯಲಾಯಿತು. ದರದ ಚರ್ಚೆಯ ಗದ್ದಲದಲ್ಲಿ ನೀರಿನ ಮಾತು ಬರಲೇ ಇಲ್ಲ ಎನ್ನಬೇಕು.

ಬಿಟ್ಟುಹೋದ ಹೊಂಡಗಳು

ಕಲ್ಲು ಮುಗಿದ ಕೋರೆಗೆ ಬೇಲಿ ಹಾಕಿ, ಅಂಚು ಇಳಿಜಾರು ಮಾಡಿ, ಮಣ್ಣು ತುಂಬಿ ಗಿಡ ನೆಡಬೇಕು. ಆದರೂ ಹಾಗೇ ಬಿಟ್ಟ ಹೊಂಡಗಳು ಎಷ್ಟೋ ಇವೆ. ನೇರ ಗೋಡೆಯ, ಮೆಟ್ಟಿಲಿಲ್ಲದ, ಮಳೆನೀರು ತುಂಬಿದ ಕೋರೆಗಳಲ್ಲಿ ಈಜಲು ಇಳಿದ ಮಕ್ಕಳು ಮುಳುಗಿ ಸತ್ತ ದುರಂತಗಳು ಜಿಲ್ಲೆಯಲ್ಲಿ ಮತ್ತೆ ಮತ್ತೆ ಆಗಿವೆ. ತ್ಯಾಜ್ಯ ಸುರಿಯುವ ಗುಂಡಿಯಾದ ಕೋರೆಯಿಂದ ಕೊಳೆ ಅದೇ ತೂತುಕಲ್ಲಿನ ಮೂಲಕ ಬಾವಿಗೆ ಇಳಿಯಬಲ್ಲದು.

ಹಳೆಯ ಕೋರೆಯನ್ನು ಇಂಗುಕೆರೆ ಮಾಡಿ ಕೆಳಗಿನ ಬಾವಿಗಳ ನೀರು ಹೆಚ್ಚಿಸಿಕೊಂಡ ಕೃಷಿಕರೂ ಕರಾವಳಿಯಲ್ಲಿದ್ದಾರೆ. ಇದು ಎಲ್ಲ ಹೊಂಡಕ್ಕೂ ಹೊಂದುವುದಿಲ್ಲ. ತಳದಲ್ಲಿ ಇನ್ನೂ ಮುರಕಲ್ಲು ಉಳಿದಿದ್ದರೆ ನೀರು ಇಂಗುತ್ತದೆ. ಶೇಡಿಯವರೆಗೆ ಕಡಿದಿದ್ದರೆ ನೀರು ಇಂಗದೆ ನಿಲ್ಲುತ್ತದೆ. ಕೆಳಗಡೆ ಮನೆಗಳಿರುವ ಕಡಿದಾದ ಗುಡ್ಡದಲ್ಲಿ ಹಾಗೆ ನೀರು ನಿಲ್ಲಿಸುವುದೇ ಅಪಾಯ. ಯಾವ ಹೊಂಡ ತುಂಬಬೇಕು, ಯಾವುದನ್ನು ಕೆರೆಯಾಗಿ ಉಳಿಸಬೇಕು ಎಂದು ನಿರ್ಧರಿಸಲು ಗ್ರಾಮ ಪಂಚಾಯಿತಿಗಳ ಬಳಿ ಮೊದಲು ತಮ್ಮ ಗ್ರಾಮದ ಕೋರೆಗಳ ಪಟ್ಟಿ, ಆಳ ಮತ್ತು ತಳದ ಮಣ್ಣಿನ ವಿವರ ಇರಬೇಕು.