ಲೆಕ್ಕಾಧಿಕಾರಿ ಬರೆದ ಪತ್ರ

ಟಿವಿ ಮನರಂಜನೆಯ ಇತಿಹಾಸ ಅಂದ್ರೆ ಕುಣಿದವರು, ಹಾಡಿದವರು ನೆನಪಾಗ್ತಾರೆ. ಇವತ್ತು ನಾನು ಹೇಳ್ತಿರೋದು ತೆರೆಯ ಹಿಂದೆ ಕೂತು ಲೆಕ್ಕ ನೋಡ್ತಿದ್ದ ಒಬ್ಬರ ಕಥೆ. ಹೆಸರು ಬ್ಯಾರಿ ಥಾರ್ನ್, ಬಿಬಿಸಿಯ ಮುಖ್ಯ ಲೆಕ್ಕಾಧಿಕಾರಿ.

1958ರಲ್ಲಿ ಬಿಬಿಸಿ 'ದಿ ಬ್ಲ್ಯಾಕ್ ಅಂಡ್ ವೈಟ್ ಮಿನ್‌ಸ್ಟ್ರೆಲ್ ಶೋ' ಶುರು ಮಾಡ್ತು. ಸ್ಕಾಟ್ಲೆಂಡಿನ ಜಾರ್ಜ್ ಮಿಚೆಲ್ ಕಟ್ಟಿದ ಗಾಯಕರ ತಂಡ. ಬಿಳಿಯ ಗಂಡಸರು ಮುಖಕ್ಕೆ ಕಪ್ಪು ಬಳಿದುಕೊಂಡು ಹಾಡೋದು, ಪಕ್ಕದಲ್ಲಿ ಬಿಳಿಯ ಹುಡುಗಿಯರ ನೃತ್ಯ. ಈ ವೇಷ ಹುಟ್ಟಿದ್ದು ಎಲ್ಲಿ? ಗುಲಾಮಗಿರಿ ಕಾಲದ ಅಮೆರಿಕದಲ್ಲಿ, ಕಪ್ಪು ಜನರನ್ನು ಅಣಕಿಸೋದಕ್ಕೆ. ಹಾಡುಗಾರಿಕೆ ಸೊಗಸಾಗಿತ್ತು, ಅದನ್ನು ಒಪ್ಪಲೇಬೇಕು. ಒಂದೂವರೆ ಕೋಟಿಗೂ ಹೆಚ್ಚು ವೀಕ್ಷಕರು. 1961ರಲ್ಲಿ ಸ್ವಿಟ್ಜರ್ಲೆಂಡಿನ ಮಾಂಟ್ರೋದಲ್ಲಿ 'ಗೋಲ್ಡನ್ ರೋಸ್' ಪ್ರಶಸ್ತಿ. ಲಂಡನ್ನಿನ ವಿಕ್ಟೋರಿಯಾ ಪ್ಯಾಲೇಸ್ ರಂಗಮಂದಿರದಲ್ಲಿ ಇದೇ ತಂಡ ಹತ್ತು ವರ್ಷ ತುಂಬಿದ ಪ್ರದರ್ಶನ ಕೊಟ್ಟಿತು.

ಇಂಥ ಕಾರ್ಯಕ್ರಮ ಬೇಡ ಅಂತ ಚಾನೆಲ್ ಒಳಗಿದ್ದವರು ಯಾರಾದ್ರೂ ಹೇಳ್ತಾರಾ? ಟಿಆರ್‌ಪಿ ಬರೋ ದಿನ ನಮ್ಮ ಆಫೀಸುಗಳ ಉಸಿರು ಹೇಗೆ ಬಿಗಿಹಿಡಿದಿರುತ್ತೆ ಅನ್ನೋದು ನನಗೆ ಗೊತ್ತು. ಥಾರ್ನ್ ಹೇಳಿದರು. 1962ರಲ್ಲೇ ಮೇಲಧಿಕಾರಿಗಳಿಗೆ ಬರೆದರು: ಇದು ಕಪ್ಪು ಜನರಿಗೆ ಮಾಡ್ತಿರೋ ಅವಮಾನ. ವೆಸ್ಟ್ ಇಂಡೀಸಿನಿಂದ ಬಂದ ಕುಟುಂಬಗಳು ಆಗ ಲಂಡನ್ನಿನಲ್ಲಿ ಬಸ್ ಓಡಿಸ್ತಿದ್ದವು, ಆಸ್ಪತ್ರೆಗಳಲ್ಲಿ ರಾತ್ರಿಪಾಳಿ ಮಾಡ್ತಿದ್ದವು. ಮನೆಗೆ ಬಂದು ಟಿವಿ ಹಾಕಿದರೆ ಅವರಿಗೆ ಕಾಣ್ತಿದ್ದದ್ದು ಈ ಅಣಕ.

ಕಾರ್ಯಕ್ರಮ ನಿಲ್ಲಲಿಲ್ಲ. 1967ರಲ್ಲಿ ಜನಾಂಗ ತಾರತಮ್ಯದ ವಿರುದ್ಧ ಹೋರಾಡ್ತಿದ್ದ ಸಂಘಟನೆಯೊಂದು ಬಿಬಿಸಿಗೆ ಮನವಿ ಕೊಟ್ಟಿತು. ಥಾರ್ನ್ ಮತ್ತೆ ಬರೆದರು. ಮಹಾನಿರ್ದೇಶಕರ ಮುಖ್ಯ ಸಹಾಯಕ ಆಲಿವರ್ ವಿಟ್ಲಿ ಉತ್ತರ ಕೊಟ್ಟರು. ಅದರ ತಾತ್ಪರ್ಯ ಇಷ್ಟು: ಕಪ್ಪು ಜನರ ಮಾತು ನಮಗೆ ಅರ್ಥವಾಗುತ್ತೆ, ಆದರೆ ಅವರ ಒಳ್ಳೇದಕ್ಕೇ ದೇವರಾಣೆ ಅವರು ಬಾಯಿ ಮುಚ್ಚಿಕೊಂಡಿರಲಿ.

ಓದಿ ನೋಡಿ. ಅರ್ಥವಾಗುತ್ತೆ ಅಂತಾನೇ ಹೇಳ್ತಿದ್ದಾರೆ! ತಿಳಿಯದೆ ಮಾಡಿದ್ದು ಅನ್ನೋ ಸಬೂಬಿಗೂ ಜಾಗ ಉಳೀಲಿಲ್ಲ.

ಮುಂದೆ ದೊಡ್ಡ ಹಾಸ್ಯನಟರಾದ ಲೆನ್ನಿ ಹೆನ್ರಿ, ಜಮೈಕಾ ಮೂಲದ ಕುಟುಂಬದ ಹುಡುಗ, 1975ರಲ್ಲಿ ಪ್ರತಿಭಾ ಸ್ಪರ್ಧೆ ಗೆದ್ದಾಗ ಸಿಕ್ಕ ಕೆಲಸ ಕೂಡ ಇದೇ ತಂಡದ ರಂಗಪ್ರದರ್ಶನದಲ್ಲಿ. ಸುತ್ತ ಬಣ್ಣ ಬಳಿದ ಮುಖಗಳ ನಡುವೆ ನಿಜಕ್ಕೂ ಕಪ್ಪಗಿದ್ದ ಹುಡುಗ. ಆ ವರ್ಷಗಳ ಸಂಕಟವನ್ನು ಅವರೇ ಮುಂದೆ ಹೇಳಿಕೊಂಡಿದ್ದಾರೆ.

ಬಿಬಿಸಿ ಟಿವಿಯಲ್ಲಿ ಕಾರ್ಯಕ್ರಮ ನಿಂತದ್ದು 1978ರಲ್ಲಿ. ಲೆಕ್ಕಾಧಿಕಾರಿ ಮೊದಲ ಪತ್ರ ಬರೆದು ಆಗಲೇ 16 ವರ್ಷ ಕಳೆದಿತ್ತು.