ಬೇಬಿ ಪೆಗಿ: ಬಾಲನಟಿಯ ದುಡಿಮೆಯೂ ಇತಿಹಾಸಲೇಖಕಿಯ ಸಾಕ್ಷ್ಯವೂ

ಚಲಚ್ಚಿತ್ರದ ಇತಿಹಾಸವನ್ನು ರಚಿಸುವವರು ತೆರೆಯ ಮೇಲೆ ಕಾಣಿಸಿಕೊಂಡ ಮಕ್ಕಳ ಪ್ರಸ್ತಾಪ ಬಂದಾಗ ಅವರ ಮುದ್ದುತನವನ್ನು ಬಣ್ಣಿಸಿ ಮುಂದಕ್ಕೆ ಸಾಗುವುದು ವಾಡಿಕೆ. ಅವರು ಮಾಡಿದುದು ದುಡಿಮೆಯೇ ಅಥವಾ ಆಟವೇ, ಅದರ ಫಲ ಯಾರ ಪಾಲಾಯಿತು ಎಂಬ ಪ್ರಶ್ನೆಗಳು ಬಹುಕಾಲ ಹಿಂದೆಯೇ ಉಳಿದುವು. ಅಮೆರಿಕದ ಮೂಕಚಿತ್ರಗಳ ಬಾಲನಟಿ ‘ಬೇಬಿ ಪೆಗಿ’ಯ ಜೀವನವನ್ನು ನಾವು ಇಲ್ಲಿ ಪರಿಶೀಲನೆಗೆ ಎತ್ತಿಕೊಂಡಿರುವುದು ಈ ಕಾರಣದಿಂದಲೇ. ಈಕೆ ಆ ಇತಿಹಾಸದ ವಸ್ತುವೂ ಹೌದು, ಮುಂದೆ ಅದರ ಲೇಖಕಿಯೂ ಹೌದು.

ಪೆಗಿ-ಜೀನ್ ಮಾಂಟ್‌ಗೊಮರಿ ೧೯೧೮ರ ಅಕ್ಟೋಬರ್ ೨೯ರಂದು ಕ್ಯಾಲಿಫೋರ್ನಿಯದ ಸ್ಯಾನ್ ಡಿಯೇಗೊ ನಗರದಲ್ಲಿ ಜನಿಸಿದಳು. ತಂದೆ ಜಾಕ್ ಮಾಂಟ್‌ಗೊಮರಿ ದನಗಾಹಿಯಾಗಿದ್ದವನು. ಹಾಲಿವುಡ್ಡಿಗೆ ಬಂದ ಮೇಲೆ ಟಾಮ್ ಮಿಕ್ಸ್ ಎಂಬ ನಟನಿಗೆ ಬದಲಾಗಿ ಅಪಾಯದ ದೃಶ್ಯಗಳಲ್ಲಿ ಕುದುರೆಯೇರುತ್ತಿದ್ದನು. ಹತ್ತೊಂಬತ್ತು ತಿಂಗಳ ಮಗು ತಾಯಿಯೊಡನೆ ಸೆಂಚುರಿ ಸ್ಟುಡಿಯೋವಿಗೆ ಹೋಗಿದ್ದಾಗ, ಅದರ ವಿಧೇಯತೆಯನ್ನು ಕಂಡು ಮೆಚ್ಚಿದ ನಿರ್ದೇಶಕ ಫ್ರೆಡ್ ಫಿಶ್‌ಬ್ಯಾಕ್ ಅದನ್ನು ಬ್ರೌನಿ ಎಂಬ ನಾಯಿಯ ಜೊತೆಗೆ ಅಭಿನಯಕ್ಕೆ ನಿಲ್ಲಿಸಿದನು. ತಂದೆ ‘ಅಳು’ ಎಂದರೆ ಅಳುವುದು, ‘ನಗು’ ಎಂದರೆ ನಗುವುದು, ‘ಹೆದರು’ ಎಂದರೆ ಹೆದರುವುದು: ಇದೇ ಆ ಮಗುವಿಗೆ ದೊರೆತ ಶಿಕ್ಷಣ. ೧೯೨೧ರಿಂದ ೧೯೨೪ರವರೆಗೆ ಆಕೆ ಸುಮಾರು ೧೫೦ ಕಿರುಚಿತ್ರಗಳಲ್ಲಿ ನಟಿಸಿದಳೆಂಬುದು ರೂಢಿಯಲ್ಲಿರುವ ಲೆಕ್ಕ. ವಾರಕ್ಕೆ ಆರು ದಿನ, ದಿನಕ್ಕೆ ಎಂಟು ಗಂಟೆ ಕೆಲಸ ನಡೆಯುತ್ತಿತ್ತು. ೧೯೨೩ರ ‘ದಿ ಡಾರ್ಲಿಂಗ್ ಆಫ್ ನ್ಯೂಯಾರ್ಕ್’ ಚಿತ್ರದ ಬೆಂಕಿಯ ದೃಶ್ಯದಲ್ಲಿ, ಆಕೆ ಹೊರಬರಬೇಕಾಗಿದ್ದ ಬಾಗಿಲಿಗೇ ಉರಿ ಹತ್ತಿದ್ದರಿಂದ, ಮಗು ತಾನೇ ಕಿಟಕಿಯನ್ನು ಹುಡುಕಿ ಪಾರಾಗಬೇಕಾಯಿತು.

ಅದೇ ವರ್ಷ ನಿರ್ಮಾಪಕ ಸೋಲ್ ಲೆಸರನೊಡನೆ ಆದ ಕರಾರಿನ ಮೌಲ್ಯ ವರ್ಷಕ್ಕೆ ಹದಿನೈದು ಲಕ್ಷ ಡಾಲರುಗಳೆಂದು ವರದಿಯಾಗಿದೆ. ಆ ಕಾಲದಲ್ಲಿ ಅಪ್ರಾಪ್ತ ವಯಸ್ಕರ ಗಳಿಕೆ ನ್ಯಾಯತಃ ತಂದೆತಾಯಿಗಳದಾಗಿತ್ತು. ಮನೆ, ಮೋಟಾರು, ಉಡುಪುಗಳಿಗೆ ಹಣ ಹರಿದುಹೋಯಿತು. ಮಗಳ ಹೆಸರಿನಲ್ಲಿ ಏನನ್ನೂ ತೆಗೆದಿಡಲಿಲ್ಲ. ೧೯೨೫ರಲ್ಲಿ ಸಂಬಳದ ವಿಷಯವಾಗಿ ತಂದೆಯು ಲೆಸರನೊಡನೆ ಜಗಳವಾಡಿದುದರಿಂದ ಆಕೆಯ ಚಿತ್ರಜೀವನ ಮುಗಿದಂತಾಯಿತು. ಅನಂತರ ವಾಡ್ವಿಲ್ ಎಂಬ ವಿನೋದ ರಂಗಪ್ರದರ್ಶನಗಳಲ್ಲಿ ಊರೂರು ಸುತ್ತಿದಾಗ, ಪ್ರತಿ ಪ್ರದರ್ಶನಕ್ಕೂ ಆಕೆಯ ಕೈಗೆ ಬರುತ್ತಿದ್ದುದು ಐದು ಸೆಂಟುಗಳ ಒಂದು ನಾಣ್ಯ ಮಾತ್ರ. ೧೯೨೯ರ ಆರ್ಥಿಕ ಕುಸಿತದ ತರುವಾಯ ಸಂಸಾರ ಬಡತನಕ್ಕಿಳಿಯಿತು. ೧೯೩೦ರ ದಶಕದಲ್ಲಿ ಪೆಗಿ ಹಾಲಿವುಡ್ಡಿಗೆ ಮರಳಿದಳಾದರೂ ಗುಂಪಿನ ದೃಶ್ಯಗಳಲ್ಲಿ ನಿಲ್ಲುವ ಕೂಲಿಯಷ್ಟೇ ದೊರೆಯಿತು. ಆಕೆ ೧೯೨೪ರಲ್ಲಿ ನಾಯಿಕೆಯಾಗಿದ್ದ ‘ಕ್ಯಾಪ್ಟನ್ ಜಾನ್ಯುವರಿ’ ಕಥೆ ೧೯೩೬ರಲ್ಲಿ ಶರ್ಲಿ ಟೆಂಪಲಳನ್ನಿಟ್ಟುಕೊಂಡು ಮತ್ತೊಮ್ಮೆ ಚಿತ್ರವಾಯಿತು.

ಇದೇ ಬಗೆಯ ಅನ್ಯಾಯಕ್ಕೊಳಗಾದ ಮತ್ತೊಬ್ಬ ಬಾಲನಟ ಜಾಕಿ ಕೂಗನ್ ೧೯೩೮ರಲ್ಲಿ ತಾಯಿ ಮತ್ತು ಮಲತಂದೆಯ ಮೇಲೆ ದಾವೆ ಹೂಡಿದನು. ಅದರ ಪರಿಣಾಮವಾಗಿ ೧೯೩೯ರಲ್ಲಿ ಕ್ಯಾಲಿಫೋರ್ನಿಯ ಸಂಸ್ಥಾನವು ಬಾಲಕಲಾವಿದರ ಗಳಿಕೆಯಲ್ಲೊಂದಂಶವನ್ನು ಕಾಯ್ದಿರಿಸುವ ಶಾಸನವನ್ನು ಮಾಡಿತು. ಪೆಗಿಯ ಪಾಲಿಗೆ ಅದು ಕಾಲ ಮೀರಿ ಬಂದ ಶಾಸನ; ನ್ಯಾಯಾಲಯದ ಸಮ್ಮತಿ ಪಡೆದ ಕರಾರುಗಳಿಗೆ ಮಾತ್ರ ಅನ್ವಯಿಸುತ್ತಿದ್ದುದರಿಂದ ಇತರರಿಗೂ ಅದರ ರಕ್ಷಣೆ ಅಪೂರ್ಣವಾಗಿತ್ತು. ೨೦೦೦ದ ಜನವರಿಯಲ್ಲಿ ಜಾರಿಗೆ ಬಂದ ತಿದ್ದುಪಡಿಯಿಂದಲೇ ಗಳಿಕೆಯು ಮಗುವಿನ ಸ್ವತ್ತೆಂದೂ, ಅದರಲ್ಲಿ ಶೇಕಡ ೧೫ನ್ನು ಠೇವಣಿಯಿಡತಕ್ಕದ್ದೆಂದೂ ಸ್ಪಷ್ಟವಾಯಿತು.

ಪೆಗಿಯು ಡಯಾನಾ ಸೆರಾ ಎಂಬ ಹೊಸ ಹೆಸರನ್ನು ತಳೆದುದು ಹಳೆಯ ಕೀರ್ತಿಯಿಂದ ಬಿಡುಗಡೆ ಹೊಂದುವ ಪ್ರಯತ್ನವೆಂದೇ ನಾವು ಭಾವಿಸಬಹುದು. ಟೆಲಿಫೋನ್ ವಿನಿಮಯದ ಕೆಲಸ, ಪುಸ್ತಕದಂಗಡಿಯ ಗುಮಾಸ್ತಗಿರಿ, ಕಾಣಿಕೆವಸ್ತುಗಳ ಅಂಗಡಿಯ ಮೇಲ್ವಿಚಾರಣೆ ಇವೆಲ್ಲವನ್ನೂ ಮಾಡಿ, ಕಡೆಗೆ ಪತ್ರಿಕಾಲೇಖನಕ್ಕೆ ತೊಡಗಿದಳು. ೧೯೫೪ರಲ್ಲಿ ಚಿತ್ರಕಾರ ರಾಬರ್ಟ್ ಕ್ಯಾರಿಯನ್ನು ಮದುವೆಯಾದಳು. ಡಯಾನಾ ಸೆರಾ ಕ್ಯಾರಿಯವರ ಮೊದಲ ಗ್ರಂಥ ‘ದಿ ಹಾಲಿವುಡ್ ಪಾಸಿ’ ೧೯೭೫ರಲ್ಲಿ ಪ್ರಕಟವಾಯಿತು. ತಂದೆಯಂತಹ ದನಗಾಹಿ ಸವಾರರು ಅದರ ವಸ್ತು. ಅನಂತರದ ‘ಹಾಲಿವುಡ್ಸ್ ಚಿಲ್ಡ್ರನ್’ ಬಾಲಕಲಾವಿದರ ಯುಗವನ್ನೇ ವಿಚಾರಣೆಗೆ ತಂದಿತು. ಆತ್ಮಕಥೆಯನ್ನು ಅವರು ಹೊರತಂದುದು ೧೯೯೬ರಲ್ಲಿ; ೨೦೦೩ರಲ್ಲಿ ಕೂಗನನ ಜೀವನಚರಿತ್ರೆ ಬಂದಿತು. ತನ್ನ ಕಥೆಗಿಂತ ಮೊದಲು ಸಹದುಡಿಮೆಗಾರರ ಕಥೆಯನ್ನು ಬರೆದ ಈ ಅನುಕ್ರಮ ಗಮನಾರ್ಹವಾದುದು.

ಎರಡು ಮೂರು ವರ್ಷದ ಮಗುವಿನ ಸ್ಮೃತಿಯನ್ನು ಪ್ರಮಾಣವೆಂದು ಸ್ವೀಕರಿಸಬಹುದೇ ಎಂದು ಆಕ್ಷೇಪಿಸಬಹುದು. ಸೆಂಚುರಿ ಸ್ಟುಡಿಯೋ ೧೯೨೬ರಲ್ಲಿ ಬೆಂಕಿಗೆ ಆಹುತಿಯಾಯಿತು. ಆಕೆಯ ಕಿರುಚಿತ್ರಗಳಲ್ಲಿ ಹೆಚ್ಚಿನವು ಇಂದು ಉಪಲಬ್ಧವಿಲ್ಲ. ಇಂತಹ ಸ್ಮೃತಿಯನ್ನು ಉಳಿದ ಚಿತ್ರಗಳು, ಕರಾರುಗಳು ಮತ್ತು ಇತರ ಕಲಾವಿದರ ಹೇಳಿಕೆಗಳೊಡನೆ ಹೋಲಿಸಿ ತೂಗಬೇಕೆಂಬುದು ನಿಜ. ಆದರೆ ಸ್ಟುಡಿಯೋಗಳ ಪ್ರಚಾರಪತ್ರಗಳೂ ಸ್ವಾರ್ಥದಿಂದ ಮುಕ್ತವಾದುವಲ್ಲ. ದುಡಿದವರ ನುಡಿಯನ್ನು ಬಿಟ್ಟು ದುಡಿಸಿದವರ ಕಾಗದಗಳನ್ನೇ ನೆಚ್ಚಿದರೆ ದೊರೆಯುವ ಚಿತ್ರ ಏಕಪಕ್ಷೀಯವೇ ಸರಿ.

ಕ್ಯಾರಿಯವರು ೨೦೨೦ರ ಫೆಬ್ರವರಿ ೨೪ರಂದು, ತಮ್ಮ ೧೦೧ನೆಯ ವಯಸ್ಸಿನಲ್ಲಿ ನಿಧನರಾದರು. ಬಾಲ್ಯದಲ್ಲಿ ಪರರ ಅಪ್ಪಣೆಯಂತೆ ಅತ್ತು ನಕ್ಕವರು, ಪ್ರೌಢವಯಸ್ಸಿನಲ್ಲಿ ಆ ಅಪ್ಪಣೆಗಳ ಹಿಂದಿದ್ದ ವ್ಯವಸ್ಥೆಯನ್ನು ವಿವರಿಸಿ ಬರೆದರು. ಕಳೆದುಹೋದ ಧನ ಅವರಿಗೆ ಮರಳಲಿಲ್ಲ. ಆದರೆ ಬಾಲಕಲಾವಿದರ ಚರಿತ್ರೆ ವಿನೋದದ ಅನುಬಂಧವಲ್ಲ, ಶ್ರಮದ ಚರಿತ್ರೆಯ ಒಂದು ಅಧ್ಯಾಯ ಎಂಬ ಅರಿವನ್ನು ಮುಂದಿನ ಸಂಶೋಧಕರಿಗೆ ಅವರು ಬಿಟ್ಟುಹೋಗಿದ್ದಾರೆ.